ಸಂಗೊಳ್ಳಿ ಸೀಮೆಯ ಪ್ರವಾಸೋದ್ಯಮ

ಬೆಳಗಾವಿ ಜಿಲ್ಲೆಯ ಬೈಲಹೊಂಗಲ, ಕಿತ್ತೂರು, ಸವದತ್ತಿ ಮತ್ತು ರಾಮದುರ್ಗ ತಾಲ್ಲೂಕುಗಳಲ್ಲಿ ಜಾತ್ರೆ, ಯಾತ್ರೆ ಹಾಗೂ ಸ್ಮಾರಕಗಳ ಸುತ್ತ ಬೆಳೆದ ಆರ್ಥಿಕ ಚಟುವಟಿಕೆ. ಕ್ರಾಂತಿವೀರ ರಾಯಣ್ಣನ ಹುಟ್ಟೂರಾದ ಸಂಗೊಳ್ಳಿ ಬೈಲಹೊಂಗಲ ತಾಲ್ಲೂಕಿನಲ್ಲಿ ಮಲಪ್ರಭೆಯ ದಂಡೆಯ ಮೇಲಿದೆ. ಅದೇ ಹೊಳೆ ಮುಂದೆ ಸವದತ್ತಿಯ ನವಿಲುತೀರ್ಥದಲ್ಲಿ ಅಣೆಕಟ್ಟಿಗೆ ಸಿಕ್ಕು, ರಾಮದುರ್ಗವನ್ನು ಹಾದು ಕೂಡಲಸಂಗಮದ ಕಡೆ ಹೋಗುತ್ತದೆ. ಕಪ್ಪು ಎರೆಮಣ್ಣು, ಹತ್ತಿ, ಜೋಳ, ಕಬ್ಬಿನ ಈ ನಾಡಿಗೆ ಕಡಲತೀರವಿಲ್ಲ, ಗಿರಿಧಾಮವಿಲ್ಲ. ಆದರೂ ಕರ್ನಾಟಕ, ಮಹಾರಾಷ್ಟ್ರ, ಗೋವಾ, ಆಂಧ್ರ, ತೆಲಂಗಾಣಗಳಿಂದ ವರ್ಷವಿಡೀ ಜನ ಬರುತ್ತಾರೆ. ಅವರು ಏಕೆ ಬರುತ್ತಾರೆ, ಅವರ ಹಣ ಯಾರ ಕೈ ಸೇರುತ್ತದೆ ಎಂಬುದೇ ಇಲ್ಲಿನ ಪ್ರವಾಸೋದ್ಯಮದ ಚರಿತ್ರೆ.

ಉಷ್ಣವಲಯದ ದೇಶಗಳಲ್ಲಿ ಪ್ರವಾಸೋದ್ಯಮ ಎಂದರೆ ಮೊದಲು ಕಣ್ಣಿಗೆ ಬರುವುದು ಕಡಲು, ವಿಮಾನ, ವಿದೇಶಿ ಅತಿಥಿ. ಮಾಲ್ಡೀವ್ಸ್‌ನ ಮೊದಲ ರೆಸಾರ್ಟ್ ಕುರುಂಬಾ ದ್ವೀಪದಲ್ಲಿ ತೆರೆದದ್ದು 1972ರಲ್ಲಿ. ಇಂದು ಆ ದೇಶದ ಬದುಕೇ ಅದರ ಮೇಲೆ ನಿಂತಿದೆ. ಥಾಯ್ಲೆಂಡಿಗೆ 2019ರಲ್ಲಿ ಸುಮಾರು 4 ಕೋಟಿ ವಿದೇಶಿಯರು ಬಂದಿದ್ದರು. ಭಾರತದ ಲೆಕ್ಕ ಬೇರೆ. ಇಲ್ಲಿ ಊರಿಂದೂರಿಗೆ ತಿರುಗುವವರಲ್ಲಿ ಅತಿ ಹೆಚ್ಚಿನವರು ಈ ದೇಶದವರೇ. ಅವರಲ್ಲೂ ದೊಡ್ಡ ಪಾಲು ಹರಕೆ ಹೊತ್ತವರದು. ಸಂಗೊಳ್ಳಿ ಸೀಮೆ ಈ ಮಾತಿಗೆ ಒಳ್ಳೆಯ ಉದಾಹರಣೆ. ಪ್ರವಾಸೋದ್ಯಮ ಇಲಾಖೆ ಹುಟ್ಟುವುದಕ್ಕೆ ನಾಲ್ಕು ಶತಮಾನಗಳಿಗೂ ಮೊದಲೇ ಇಲ್ಲಿ ಪ್ರವಾಸದ ವ್ಯಾಪಾರ ನಡೆಯುತ್ತಿತ್ತು.

ಹಿಂದಕ್ಕೆ ಹೋದರೆ ಸವದತ್ತಿ ರಟ್ಟ ಮಹಾಮಂಡಲೇಶ್ವರರ ಸುಗಂಧವರ್ತಿ. 13ನೆಯ ಶತಮಾನದ ಆರಂಭದಲ್ಲಿ ರಾಜಧಾನಿ ವೇಣುಗ್ರಾಮಕ್ಕೆ, ಅಂದರೆ ಇಂದಿನ ಬೆಳಗಾವಿಗೆ ಹೋಗುವವರೆಗೂ ಇದು ಅವರ ಆಡಳಿತದ ನೆಲೆ. ಆ ಕಾಲದ ಗುಡಿಗಳು ಸುತ್ತಲೂ ಹರಡಿವೆ. ಜಲಪಾತದ ಮಗ್ಗುಲಲ್ಲಿರುವ ಸೊಗಲದ ಸೋಮೇಶ್ವರ, ಹೂಲಿಯ ಪಂಚಲಿಂಗೇಶ್ವರ, ಗೋವೆಯ ಕದಂಬರ ರಾಣಿ ಕಮಲಾದೇವಿ 12ನೆಯ ಶತಮಾನದಲ್ಲಿ ಕಟ್ಟಿಸಿದ ದೇಗಾಂವಿಯ ಕಮಲನಾರಾಯಣ ಗುಡಿ ಇವುಗಳಲ್ಲಿ ಮುಖ್ಯವಾದವು. ದೇಗಾಂವಿಯ ಗುಡಿ ಶಿಲ್ಪಿ ತಿಪ್ಪೋಜನ ಕೆಲಸ. ಅಲ್ಲಿನ ಕೆತ್ತನೆಯನ್ನು ಹಳೇಬೀಡಿಗೆ ಹೋಗುವ ಪ್ರತಿಯೊಬ್ಬ ಕನ್ನಡಿಗನೂ ಒಮ್ಮೆ ನೋಡಬೇಕು. ಕಿತ್ತೂರಿಗೆ ಅಷ್ಟು ಹತ್ತಿರವಿದ್ದೂ ಅಲ್ಲಿಗೆ ಹೋಗುವವರು ತೀರ ಕಡಿಮೆ ಎಂಬುದು ನೋವಿನ ಸಂಗತಿ.

ಈ ಸೀಮೆಯ ಪ್ರವಾಸದ ಬೇರು ಇರುವುದು ಯಲ್ಲಮ್ಮನ ಗುಡ್ಡದಲ್ಲಿ. ಸವದತ್ತಿಯಿಂದ ಕೆಲವೇ ಕಿಲೋಮೀಟರ್ ದೂರದ ಈಗಿನ ರೇಣುಕಾ ಯಲ್ಲಮ್ಮನ ಗುಡಿಯನ್ನು 1514ರಲ್ಲಿ ರಾಯಬಾಗದ ಬೊಮ್ಮಪ್ಪ ನಾಯಕ ಕಟ್ಟಿಸಿದನೆಂದು ಹೇಳಲಾಗುತ್ತದೆ. ಜನ ಅವಳನ್ನು ಕರೆಯುವುದು ಏಳುಕೊಳ್ಳದ ಯಲ್ಲಮ್ಮ ಎಂದು. ಹೊಸ್ತಿಲ ಹುಣ್ಣಿಮೆ, ಬನದ ಹುಣ್ಣಿಮೆ, ಭಾರತ ಹುಣ್ಣಿಮೆಗಳಲ್ಲಿ ಲಕ್ಷಗಟ್ಟಲೆ ಜನ ಗುಡ್ಡ ಹತ್ತುತ್ತಾರೆ. ಉಳಿದ ದಿನಗಳಲ್ಲೂ ಮಂಗಳವಾರ, ಶುಕ್ರವಾರ, ಹುಣ್ಣಿಮೆಗಳಂದು ಜನ ತಪ್ಪುವುದಿಲ್ಲ. ಒಕ್ಕಲುತನದ ಪಂಚಾಂಗಕ್ಕೆ ಇದು ಹೊಂದಿಕೊಂಡಿದೆ: ಮಾರ್ಗಶಿರದಿಂದ ಮಾಘದವರೆಗೆ ಸುಗ್ಗಿ ನಡೆದು ರೈತನ ಕೈಯಲ್ಲಿ ನಾಲ್ಕು ಕಾಸು ಓಡಾಡುವ ಕಾಲ. ಮನೆಮಂದಿಯೆಲ್ಲ ಚಕ್ಕಡಿ ಕಟ್ಟಿಕೊಂಡು ಬಂದು, ಜೋಗುಳಬಾವಿಯಲ್ಲಿ, ಎಣ್ಣೆಹೊಂಡದಲ್ಲಿ ಮಿಂದು, ಮೂರು ಕಲ್ಲು ಹೂಡಿ ಅಡುಗೆ ಮಾಡಿ, ಪಡ್ಡಲಗಿ ಎಂಬ ನೈವೇದ್ಯದ ಬುಟ್ಟಿ ತುಂಬಿ, ಅರಿಶಿಣದ ಭಂಡಾರ ಹಚ್ಚಿಕೊಂಡು ‘ಉಧೋ ಉಧೋ’ ಎನ್ನುತ್ತ ಎರಡು ಮೂರು ದಿನ ಗುಡ್ಡದಲ್ಲೇ ಉಳಿಯುತ್ತಿದ್ದರು. ಈಗ ಚಕ್ಕಡಿಯ ಜತೆಗೆ ಟ್ರ್ಯಾಕ್ಟರ್, ಟೆಂಪೊ, ಬಸ್ಸು ಬಂದಿವೆ. ಪಡ್ಡಲಗಿ, ಭಂಡಾರ ಮಾತ್ರ ಹಾಗೇ ಇವೆ.

ಜನ ಹೀಗೆ ಉಳಿಯುವುದರಲ್ಲೇ ಈ ಯಾತ್ರೆಯ ಆರ್ಥಿಕ ಗುಟ್ಟಿದೆ. ಒಂದು ಕುಟುಂಬ ಗುಡ್ಡದಲ್ಲಿ ರಾತ್ರಿ ಕಳೆದರೆ ಕಟ್ಟಿಗೆ, ನೀರು, ಕಾಯಿಪಲ್ಲೆ, ಹಾಲು, ಎಣ್ಣೆ ಬೇಕು. ಪೂಜೆಗೆ ಕುಂಕುಮ, ಭಂಡಾರ, ಕಾಯಿ, ಕರ್ಪೂರ, ಬುಟ್ಟಿ ಬೇಕು. ಆಚರಣೆಯೇ ಒಂದು ಮಾರುಕಟ್ಟೆಯನ್ನು ಕಟ್ಟಿದೆ. ಹೊಸ್ತಿಲ ಹುಣ್ಣಿಮೆಯಂದು ರೇಣುಕೆಯ ಪತಿ ಜಮದಗ್ನಿಯ ಮರಣದ ನೆನಪಿಗೆ ದೇವಿಯ ಕಂಕಣ ಮಂಗಳಸೂತ್ರ ವಿಸರ್ಜನೆ ನಡೆಯುತ್ತದೆ, ಭಾರತ ಹುಣ್ಣಿಮೆಗೆ ಅವಳು ಮತ್ತೆ ಮುತ್ತೈದೆ. ಭಕ್ತೆಯರು ಬಳೆ ಒಡೆಯುವುದೂ ಹೊಸ ಬಳೆ ತೊಡುವುದೂ ಈ ಕಥೆಯ ಜತೆಗೇ ನಡೆಯುವುದರಿಂದ ಬಳೆಗಾರನಿಗೆ ಗುಡ್ಡ ಎಂದರೆ ವರ್ಷದ ದುಡಿಮೆ. ಚೌಡಿಕೆ ನುಡಿಸುವ ಜೋಗತಿಯರಿಂದ ಹಿಡಿದು ಚಹಾದಂಗಡಿಯವರೆಗೆ ಈ ಹಣ ಸಣ್ಣ ಸಣ್ಣ ಕೈಗಳಿಗೆ ಹಂಚಿ ಹೋಗುತ್ತದೆ. ದೊಡ್ಡ ಬಂಡವಾಳವಿಲ್ಲದೆ, ಜಾಹೀರಾತಿಲ್ಲದೆ, ಇಷ್ಟು ಜನರಿಗೆ ಅನ್ನ ಕೊಟ್ಟ ಉದ್ಯಮ ಈ ಭಾಗದಲ್ಲಿ ಮತ್ತೊಂದಿಲ್ಲ.

ಇದೇ ಗುಡ್ಡಕ್ಕೆ ಒಂದು ಕರಾಳ ಮುಖವೂ ಇತ್ತು, ಅದನ್ನು ಬಿಟ್ಟು ಈ ಚರಿತ್ರೆ ಬರೆಯುವುದು ಅನ್ಯಾಯ. ಬಡ ದಲಿತ ಕುಟುಂಬಗಳ ಹೆಣ್ಣುಮಕ್ಕಳಿಗೆ ಮುತ್ತು ಕಟ್ಟಿ ದೇವದಾಸಿಯರನ್ನಾಗಿ ಮಾಡುವ ಪದ್ಧತಿ ಯಲ್ಲಮ್ಮನ ಹೆಸರಿನಲ್ಲೇ ನಡೆಯಿತು. ಹಾಗೆ ಬಿಟ್ಟ ಹುಡುಗಿಯರಲ್ಲಿ ಎಷ್ಟೋ ಮಂದಿ ಮುಂಬಯಿ, ಪುಣೆಯ ಕೆಂಪುದೀಪದ ಬೀದಿಗಳನ್ನು ಸೇರಿದರು. ಮುಂಬಯಿ ಪ್ರಾಂತದಲ್ಲಿ 1934ರಲ್ಲಿ, ಕರ್ನಾಟಕದಲ್ಲಿ 1982ರಲ್ಲಿ ಇದರ ವಿರುದ್ಧ ಕಾನೂನು ಬಂತು. ಬಹಿರಂಗವಾಗಿ ಮುತ್ತು ಕಟ್ಟುವುದು ನಿಂತದ್ದು ಕಾನೂನಿನಿಂದ ಮಾತ್ರವಲ್ಲ, ಮಾಜಿ ದೇವದಾಸಿಯರೇ ಸಂಘಟಿತರಾಗಿ ಜಾತ್ರೆಗಳಲ್ಲಿ ಕಾವಲು ನಿಂತದ್ದರಿಂದ. ಗುಡ್ಡದ ಆದಾಯವನ್ನು ಎಣಿಸುವ ಸರಕಾರ ಈ ಹೆಣ್ಣುಮಕ್ಕಳ ಪಿಂಚಣಿ, ಮನೆ, ಅವರ ಮಕ್ಕಳ ಓದನ್ನು ಆ ಆದಾಯದ ಮೊದಲ ಸಾಲ ಎಂದು ತಿಳಿಯಬೇಕು.

ಬ್ರಿಟಿಷರ ಕಾಲದಲ್ಲಿ ಈ ಜಾತ್ರೆಗಳು ದಾಖಲೆಗೆ ಬಂದವು. 1884ರಲ್ಲಿ ಪ್ರಕಟವಾದ ಮುಂಬಯಿ ಪ್ರಾಂತದ ಗ್ಯಾಸೆಟಿಯರಿನ ಬೆಳಗಾವಿ ಸಂಪುಟ ಯಲ್ಲಮ್ಮನ ಜಾತ್ರೆಯನ್ನು ವಿವರಿಸುತ್ತದೆ. ಅದೇ ದಶಕದಲ್ಲಿ ಸದರ್ನ್ ಮರಾಠಾ ರೈಲು ಧಾರವಾಡ, ಬೆಳಗಾವಿಗಳನ್ನು ಮುಟ್ಟಿದಾಗ ದೂರದ ಭಕ್ತರ ದಾರಿ ಸುಲಭವಾಯಿತು. ಆದರೆ ಬೈಲಹೊಂಗಲ, ಸವದತ್ತಿ, ರಾಮದುರ್ಗಗಳು ಹಳಿಯಿಂದ ಹೊರಗೇ ಉಳಿದವು. ಧಾರವಾಡದಲ್ಲಿ ಇಳಿದು ಸವದತ್ತಿಗೆ ಸುಮಾರು 40 ಕಿಲೋಮೀಟರ್ ರಸ್ತೆಯ ದಾರಿ ಹಿಡಿಯುವ ಸ್ಥಿತಿ ಇಂದಿಗೂ ಬದಲಾಗಿಲ್ಲ. ಕಿತ್ತೂರಿನ ಮೂಲಕ ಧಾರವಾಡ–ಬೆಳಗಾವಿ ನೇರ ರೈಲುಮಾರ್ಗದ ಯೋಜನೆ ಮಂಜೂರಾಗಿದ್ದರೂ ಈ ಭಾಗದ ಜನ ಅದಕ್ಕಾಗಿ ಕಾಯುತ್ತಲೇ ಇದ್ದಾರೆ.

ಸ್ವಾತಂತ್ರ್ಯದ ನಂತರ ಎರಡನೆಯ ಧಾರೆ ಸೇರಿತು: ವೀರರ ನೆಲ ನೋಡಲು ಬರುವವರು. 1824ರ ಅಕ್ಟೋಬರ್ 23ರಂದು ಕಿತ್ತೂರಿನ ಕೋಟೆಯ ಮುಂದೆ ಧಾರವಾಡದ ಬ್ರಿಟಿಷ್ ಕಲೆಕ್ಟರ್ ಥ್ಯಾಕರೆ ಕಿತ್ತೂರಿನವರ ಗುಂಡಿಗೆ ಬಲಿಯಾದ. ಡಿಸೆಂಬರಿನಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಸೈನ್ಯ ಮತ್ತೆ ಬಂದು ಕೋಟೆಯನ್ನು ಹಿಡಿಯಿತು. ಬೈಲಹೊಂಗಲದ ಕೋಟೆಯಲ್ಲಿ ಸೆರೆಯಾಗಿದ್ದ ಕಿತ್ತೂರಿನ ರಾಣಿ ಚನ್ನಮ್ಮ 1829ರ ಫೆಬ್ರುವರಿಯಲ್ಲಿ ತೀರಿಕೊಂಡಳು. ಅವಳ ಸಮಾಧಿ ಅಲ್ಲೇ ಇದೆ. ಅವಳ ಬಂಟ ರಾಯಣ್ಣ ಕಂಪನಿಯ ಕಚೇರಿಗಳನ್ನು ಸುಟ್ಟು, ಖಜಾನೆಗಳನ್ನು ದೋಚಿ, ಕೊನೆಗೆ ಮೋಸದಿಂದ ಸಿಕ್ಕಿಬಿದ್ದ. 1831ರ ಜನವರಿ 26ರಂದು ಖಾನಾಪುರ ತಾಲ್ಲೂಕಿನ ನಂದಗಡದಲ್ಲಿ ಅವನನ್ನು ಗಲ್ಲಿಗೇರಿಸಿದರು. ಅಲ್ಲಿನ ಆಲದ ಮರಕ್ಕೆ ಹೆಣ್ಣುಮಕ್ಕಳು ಸಂತಾನದ ಹರಕೆ ಹೊತ್ತು ತೊಟ್ಟಿಲು ಕಟ್ಟುತ್ತ ಬಂದಿದ್ದಾರೆ. ಸರಕಾರ ಸ್ಮಾರಕ ಎಂದು ಹೆಸರಿಡುವ ಮೊದಲೇ ಜನ ಅದನ್ನು ಕ್ಷೇತ್ರ ಮಾಡಿಬಿಟ್ಟಿದ್ದರು.

ಈ ನೆನಪನ್ನು ಹಳ್ಳಿಯಾಚೆ ಕೊಂಡೊಯ್ದದ್ದು ಲಾವಣಿ, ಗೀಗೀ ಪದ, ನಾಟಕ, ಆಮೇಲೆ ಸಿನಿಮಾ. ಬಿ. ಆರ್. ಪಂತುಲು ನಿರ್ದೇಶನದಲ್ಲಿ ಬಿ. ಸರೋಜಾದೇವಿ ನಟಿಸಿದ ‘ಕಿತ್ತೂರು ಚೆನ್ನಮ್ಮ’ 1961ರಲ್ಲಿ ಬಂತು, ದರ್ಶನ್ ನಟಿಸಿದ ‘ಕ್ರಾಂತಿವೀರ ಸಂಗೊಳ್ಳಿ ರಾಯಣ್ಣ’ 2012ರಲ್ಲಿ. ಎರಡನೆಯ ಚಿತ್ರ ಹಳೆಯ ಮೈಸೂರಿನ ಹುಡುಗರಿಗೂ ಸಂಗೊಳ್ಳಿಯ ಹೆಸರನ್ನು ಮನೆಮಾತಾಗಿಸಿತು. ಬೆಂಗಳೂರಿನ ಮುಖ್ಯ ರೈಲು ನಿಲ್ದಾಣಕ್ಕೆ ರಾಯಣ್ಣನ ಹೆಸರು ಬಂದ ಮೇಲೆ ದಿನಕ್ಕೆ ಲಕ್ಷಾಂತರ ಜನ ಆ ಹೆಸರನ್ನು ಕೇಳುತ್ತಾರೆ.

ಕಿತ್ತೂರಿನ ಅರಮನೆ ಇಂದು ಕುಸಿದ ಗೋಡೆಗಳಷ್ಟೇ. ಒಳಗೆ ನೀರು ಹರಿಸುತ್ತಿದ್ದ ಕೊಳವೆಗಳ ವ್ಯವಸ್ಥೆ, ಧ್ರುವನಕ್ಷತ್ರ ನೋಡಲು ಮಾಡಿದ ಕಿಂಡಿ, ಪಕ್ಕದ ಸರಕಾರಿ ವಸ್ತುಸಂಗ್ರಹಾಲಯ ಶಾಲಾ ಪ್ರವಾಸದ ಮಕ್ಕಳನ್ನು ಸೆಳೆಯುತ್ತವೆ. ಪುಣೆ–ಬೆಂಗಳೂರು ಹೆದ್ದಾರಿ ಊರಿನ ಬದಿಗೇ ಹಾದುಹೋಗುವುದು ಕಿತ್ತೂರಿನ ಭಾಗ್ಯ. ಪ್ರತಿ ವರ್ಷ ಅಕ್ಟೋಬರ್ 23ರಿಂದ 25ರವರೆಗೆ ಕಿತ್ತೂರು ಉತ್ಸವ, ಜನವರಿಯಲ್ಲಿ ಸಂಗೊಳ್ಳಿ ಉತ್ಸವ ನಡೆಯುತ್ತವೆ. 2021ರ ನವೆಂಬರಿನಲ್ಲಿ ಮುಂಬಯಿ ಕರ್ನಾಟಕಕ್ಕೆ ಕಿತ್ತೂರು ಕರ್ನಾಟಕ ಎಂದು ಹೆಸರಿಡಲು ಸಚಿವ ಸಂಪುಟ ತೀರ್ಮಾನಿಸಿತು. 2024ರಲ್ಲಿ ಕಿತ್ತೂರಿನ ವಿಜಯಕ್ಕೆ 200 ವರ್ಷ ತುಂಬಿತು. ಅದೇ ವರ್ಷದ ಜನವರಿಯಲ್ಲಿ ಸಂಗೊಳ್ಳಿಯಲ್ಲಿ ರಾಯಣ್ಣನ ಹೆಸರಿನ ಸೈನಿಕ ಶಾಲೆ ಉದ್ಘಾಟನೆಗೊಂಡಿತು. ರಾಯಣ್ಣನ ಬದುಕಿನ ಘಟನೆಗಳನ್ನು ಶಿಲ್ಪಗಳಲ್ಲಿ ಹೇಳುವ ಶಿಲ್ಪವನವೂ ಊರಿನಲ್ಲಿ ತಲೆಯೆತ್ತಿದೆ.

ಉತ್ಸವದ ಲೆಕ್ಕ ಜಾತ್ರೆಯ ಲೆಕ್ಕಕ್ಕಿಂತ ಬೇರೆ. ಉತ್ಸವಕ್ಕೆ ಖರ್ಚು ಮಾಡುವುದು ಸರಕಾರ, ಆ ಹಣ ಪೆಂಡಾಲು, ಧ್ವನಿವರ್ಧಕ, ಹೊರಗಿನ ಕಲಾವಿದರ ಸಂಭಾವನೆಯಾಗಿ ಊರಿಂದ ಹೊರಗೆ ಹೋಗುವುದೇ ಹೆಚ್ಚು. ಜಾತ್ರೆಗೆ ಖರ್ಚು ಮಾಡುವುದು ಬಂದವನು, ಅದು ಊರಲ್ಲೇ ಉಳಿಯುತ್ತದೆ. ಉತ್ಸವ ಬೇಡವೆಂದಲ್ಲ. ಸಂಗೊಳ್ಳಿಯ ಹುಡುಗನಿಗೆ ತನ್ನ ಊರಿನ ಮೇಲಿನ ಹೆಮ್ಮೆ ಯಾವ ಲೆಕ್ಕಕ್ಕೂ ಸಿಗದ ಸಂಪತ್ತು. ಆದರೆ ಉತ್ಸವದ ಬೆಳಕು ಆರಿದ ಮೇಲಿನ ದಿನಗಳಲ್ಲಿ ಊರಿಗೆ ಬಂದವನು ಅರ್ಧ ತಾಸು ತಿರುಗಿ, ಚಿತ್ರ ತೆಗೆದುಕೊಂಡು, ರಾತ್ರಿ ತಂಗಲು ಬೆಳಗಾವಿಗೋ ಧಾರವಾಡಕ್ಕೋ ಹೋದರೆ ಹಳ್ಳಿಗೆ ಸಿಗುವುದು ಒಂದು ಕಪ್ ಚಹಾದ ಬೆಲೆ.

ರಾಮದುರ್ಗ ತಾಲ್ಲೂಕಿನ ಕ್ಷೇತ್ರಗಳು ಈ ಚಿತ್ರದ ಅಂಚಿನಲ್ಲಿವೆ. ಹೊಸ್ತಿಲ ಹುಣ್ಣಿಮೆಯ ಹೊತ್ತಿಗೆ ನಡೆಯುವ ಗೊಡಚಿ ವೀರಭದ್ರನ ಜಾತ್ರೆ ಉತ್ತರ ಕರ್ನಾಟಕದ ಹಲವು ಮನೆತನಗಳ ಕುಲದೇವರ ಜಾತ್ರೆ. ಸುರೇಬಾನದ ಶಬರಿಕೊಳ್ಳಕ್ಕೆ ರಾಮಾಯಣದ ನಂಟಿನ ಐತಿಹ್ಯವಿದೆ. ತೊರಗಲ್ಲಿನಲ್ಲಿ ಕೋಟೆಯೂ ಭೂತನಾಥ ಗುಡಿಯೂ ಇವೆ. ರಾಮದುರ್ಗ ಸ್ವತಃ ಭಾವೆ ಮನೆತನದ ಸಂಸ್ಥಾನದ ರಾಜಧಾನಿ, 1939ರ ಪ್ರಜಾ ಚಳವಳಿಯ ನೆಲ, ನೇಕಾರರ ಊರು. ಮಗ್ಗದ ಸೀರೆಯನ್ನು ಯಾತ್ರಿಕನ ಕೈಗೆ ಅಲ್ಲೇ ನೇರವಾಗಿ ತಲುಪಿಸಿದರೆ ಲಾಭ ಮಧ್ಯವರ್ತಿಯ ಬದಲು ನೇಕಾರನಿಗೆ ಸೇರುತ್ತದೆ. ಬೈಲಹೊಂಗಲ ತಾಲ್ಲೂಕಿನ ಬೆಳವಡಿ ಶಿವಾಜಿಯ ಸೈನ್ಯವನ್ನು ಎದುರಿಸಿದ ಮಲ್ಲಮ್ಮನ ಊರು. ಸವದತ್ತಿ ತಾಲ್ಲೂಕಿನ ಸಿರಸಂಗಿಯಲ್ಲಿ ವಿಶ್ವಕರ್ಮರ ಕುಲದೇವತೆ ಕಾಳಮ್ಮನ ಗುಡಿಯಿದೆ. ಸಿರಸಂಗಿ ದೇಸಾಯರು 18ನೆಯ ಶತಮಾನದಲ್ಲಿ ಕಟ್ಟಿಸಿದ ಸವದತ್ತಿಯ ಕೋಟೆ ಊರ ನಡುವೆಯೇ ನಿಂತಿದೆ.

1970ರ ದಶಕದ ಆರಂಭದಲ್ಲಿ ಮುಗಿದ ನವಿಲುತೀರ್ಥದ ಅಣೆಕಟ್ಟು ನೀರಾವರಿಗಾಗಿ ಕಟ್ಟಿದ್ದು, ಆದರೆ ರೇಣುಕಾಸಾಗರದ ಹಿನ್ನೀರು ಗುಡ್ಡಕ್ಕೆ ಬಂದವರಿಗೆ ಇನ್ನೊಂದು ನೋಟವಾಯಿತು. ಹೊಳೆ ಕೊಟ್ಟದ್ದನ್ನು ಹೊಳೆಯೇ ಕಿತ್ತುಕೊಳ್ಳುವುದೂ ಉಂಟು: 2019ರ ಆಗಸ್ಟ್‌ನ ಪ್ರವಾಹ ಮಲಪ್ರಭೆಯ ದಂಡೆಯ ಊರುಗಳ ಮನೆ, ಅಂಗಡಿ, ಮಗ್ಗಗಳನ್ನು ನುಂಗಿತು. ಮರುವರ್ಷವೇ ಕೊರೊನಾ. 2020ರ ಮಾರ್ಚ್‌ನಿಂದ ಗುಡಿಯ ಬಾಗಿಲು ತಿಂಗಳುಗಟ್ಟಲೆ ಮುಚ್ಚಿದಾಗ ಗುಡ್ಡದ ಎಷ್ಟು ಒಲೆಗಳು ಭಕ್ತರನ್ನೇ ನಂಬಿದ್ದವು ಎಂಬುದು ಎಲ್ಲರಿಗೂ ತಿಳಿಯಿತು.

2023ರ ಜೂನ್ 11ರಂದು ಜಾರಿಗೆ ಬಂದ ಶಕ್ತಿ ಯೋಜನೆ ಈ ಸೀಮೆಯ ಪ್ರವಾಸದ ದೊಡ್ಡ ತಿರುವು. ರಾಜ್ಯದ ಮಹಿಳೆಯರಿಗೆ ಸರಕಾರಿ ಬಸ್ಸಿನಲ್ಲಿ ಉಚಿತ ಪ್ರಯಾಣ ಸಿಕ್ಕದ್ದೇ ತಡ, ಗುಡ್ಡದ ಬಸ್ಸುಗಳು ತುಂಬಿ ತುಳುಕಿದವು. ಟಿಕೆಟ್ಟಿನಲ್ಲಿ ಉಳಿದ ಹಣ ಕಾಣಿಕೆಯಾಗಿ, ಬಳೆಯಾಗಿ, ಮಕ್ಕಳ ಆಟಿಕೆಯಾಗಿ ಗುಡ್ಡದಲ್ಲೇ ಖರ್ಚಾಯಿತು. ಗಂಡನ ಕೈ ನೋಡದೆ ತಾನೇ ಹೊರಟು ಬರುವ ಹೆಣ್ಣುಮಗಳು ಈ ಜಾತ್ರೆಯ ಚರಿತ್ರೆಯಲ್ಲಿ ಹೊಸಬಳು. 2024ರಲ್ಲಿ ಯಲ್ಲಮ್ಮ ಕ್ಷೇತ್ರಕ್ಕಾಗಿ ಪ್ರವಾಸೋದ್ಯಮ ಅಭಿವೃದ್ಧಿ ಮಂಡಳಿ ರಚಿಸುವ ಕಾನೂನಿಗೆ ವಿಧಾನಮಂಡಲ ಒಪ್ಪಿಗೆ ಕೊಟ್ಟಿತು. ಅದೇ ವರ್ಷ ಕೇಂದ್ರ ಸರಕಾರ ಗುಡ್ಡದ ಅಭಿವೃದ್ಧಿಗೆ 100 ಕೋಟಿ ರೂಪಾಯಿ ಮಂಜೂರು ಮಾಡಿತು. ಈ ಹಣದಲ್ಲಿ ಮೊದಲು ಆಗಬೇಕಾದದ್ದು ಶೌಚಾಲಯ, ಕುಡಿಯುವ ನೀರು, ಕಡಿಮೆ ಬಾಡಿಗೆಯ ತಂಗುದಾಣ. ಬಯಲಲ್ಲಿ ರಾತ್ರಿ ಕಳೆಯುವ ಹೆಂಗಸರ ಮಾನ ಕಾಯುವುದಕ್ಕಿಂತ ಮಿಗಿಲಾದ ಅಭಿವೃದ್ಧಿ ಯಾವುದೂ ಇಲ್ಲ. ಕಸವಿಲ್ಲದ ಎಣ್ಣೆಹೊಂಡ ಅದರ ನಂತರದ್ದು, ಕಮಾನು ದೀಪಗಳು ಕೊನೆಗೆ ಬರಲಿ.

ಸಂಗೊಳ್ಳಿಗೆ ಯಲ್ಲಮ್ಮನ ಗುಡ್ಡದಿಂದ ಕಲಿಯುವುದಿದೆ: ಬಂದವರನ್ನು ಒಂದು ರಾತ್ರಿ ಉಳಿಸಿಕೊಳ್ಳುವುದು. ಕಿತ್ತೂರಿನ ಕೋಟೆ, ಬೈಲಹೊಂಗಲದ ಸಮಾಧಿ, ಸಂಗೊಳ್ಳಿಯ ಶಿಲ್ಪವನ, ಸೊಗಲದ ಜಲಪಾತ, ಸವದತ್ತಿಯ ಗುಡ್ಡ ಎರಡು ದಿನದ ಒಂದೇ ಸುತ್ತಿಗೆ ಒಗ್ಗುವಷ್ಟು ಹತ್ತಿರದಲ್ಲಿವೆ. ಬೇಕಿರುವುದು ಇವನ್ನು ಜೋಡಿಸುವ ಬಸ್ಸು, ಹಳ್ಳಿಯ ಮನೆಗಳಲ್ಲೇ ಊಟ ವಸತಿ, ಲಾವಣಿ ಹೇಳಬಲ್ಲ ಸ್ಥಳೀಯ ಹುಡುಗ ಹುಡುಗಿಯರಿಗೆ ಮಾರ್ಗದರ್ಶಿಯ ತರಬೇತಿ. ಕಿತ್ತೂರು, ಸಂಗೊಳ್ಳಿ, ಯಲ್ಲಮ್ಮನಗುಡ್ಡಗಳ ಹೊಣೆ ಹೊತ್ತವರು ಒಂದೆಡೆ ಕೂತು ಈ ಕೆಲಸಕ್ಕೆ ಕೈ ಹಚ್ಚಬೇಕು.