ಮೇ ಆಪಲ್: ವಿಷದ ಬೇರು, ಮದ್ದಿನ ಬೇರು

ಉತ್ತರ ಅಮೆರಿಕದ ಪೂರ್ವ ಭಾಗದ ಕಾಡುಗಳಲ್ಲಿ ಚಳಿಗಾಲ ಕಳೆದು, ಮರಗಳು ಇನ್ನೂ ಚಿಗುರುವ ಮೊದಲೇ ತರಗೆಲೆಗಳ ಹಾಸನ್ನು ಸೀಳಿಕೊಂಡು ಒಂದು ಗಿಡ ಮೇಲೇಳುತ್ತದೆ. ಮೊದಲು ಮಡಚಿದ ಕೊಡೆಯಂತೆ ಕಾಣುವ ಅದರ ಎಲೆ ಕೆಲವೇ ದಿನಗಳಲ್ಲಿ ಬಿಚ್ಚಿಕೊಂಡು ಅಂಗೈಗಿಂತ ಅಗಲವಾಗುತ್ತದೆ. ಗಿಡ ಮೊಣಕಾಲೆತ್ತರವನ್ನು ಮೀರುವುದು ಅಪರೂಪ. ಮರಗಳಲ್ಲಿ ಎಲೆ ತುಂಬಿ ನೆರಳು ದಟ್ಟವಾಗುವ ಹೊತ್ತಿಗೆ ಅದು ತನ್ನ ವರ್ಷದ ಕೆಲಸವನ್ನು ಬಹುಪಾಲು ಮುಗಿಸಿರುತ್ತದೆ. ಬೇಸಗೆ ಕಳೆಯುವಷ್ಟರಲ್ಲಿ ನೆಲದ ಮೇಲೆ ಅದರ ಗುರುತೇ ಇರುವುದಿಲ್ಲ.

ಇದೇ ಮೇ ಆಪಲ್. ಮೇ ತಿಂಗಳಲ್ಲಿ ಹೂ ಬಿಡುವುದರಿಂದ ಈ ಹೆಸರು. ಸೇಬಿಗೂ ಇದಕ್ಕೂ ಯಾವ ಸಂಬಂಧವೂ ಇಲ್ಲ. ಸಸ್ಯವಿಜ್ಞಾನಿಗಳ ಲೆಕ್ಕದಲ್ಲಿ ಇದು ದಾರುಹರಿದ್ರೆಯ ಕುಟುಂಬಕ್ಕೆ ಸೇರಿದ್ದು. 1753ರಲ್ಲಿ ಲಿನೇಯಸ್ ಇದಕ್ಕೆ ಪೊಡೊಫಿಲಂ ಪೆಲ್ಟೇಟಂ ಎಂದು ಹೆಸರಿಟ್ಟ. ಈ ಗಿಡದ ಗೆಡ್ಡೆಯಿಂದ ಹೊರಟ ಒಂದು ರಾಸಾಯನಿಕ ಇಂದು ಜಗತ್ತಿನಾದ್ಯಂತ ಕ್ಯಾನ್ಸರ್ ಆಸ್ಪತ್ರೆಗಳಲ್ಲಿ ಬಳಕೆಯಲ್ಲಿರುವ ಔಷಧಿಗೆ ಮೂಲವಾಗಿದೆ. ಆ ಔಷಧಿಯ ಕಥೆ ಅಮೆರಿಕದ ಕಾಡಿನಲ್ಲಿ ಆರಂಭವಾಗಿ ನಮ್ಮ ಹಿಮಾಲಯದ ಇಳಿಜಾರುಗಳನ್ನು ಮುಟ್ಟುತ್ತದೆ.

ನೆರಳಿನ ಕೃಷಿ

ಮೇ ಆಪಲ್ ಗಿಡವನ್ನು ಅರಿಯಬೇಕಾದರೆ ಮಣ್ಣಿನೊಳಗೆ ನೋಡಬೇಕು. ಶುಂಠಿ, ಅರಿಶಿನಗಳಂತೆ ಇದರ ಕಾಂಡವೂ ನೆಲದೊಳಗೆ ಅಡ್ಡಡ್ಡಲಾಗಿ ಹರಿಯುತ್ತದೆ. ವರ್ಷಕ್ಕೆ ಕೆಲವು ಅಂಗುಲಗಳಷ್ಟು ಮುಂದೆ ಸಾಗಿ ಕವಲೊಡೆದು ಅಲ್ಲಲ್ಲಿ ಎಲೆಗಳನ್ನು ಮೇಲಕ್ಕೆ ಕಳುಹಿಸುತ್ತದೆ. ಕಾಡಿನಲ್ಲಿ ನೂರಾರು ಗಿಡಗಳಂತೆ ಕಾಣುವ ಗುಂಪು ಎಷ್ಟೋ ಸಲ ಒಂದೇ ಗಿಡದ ವಿಸ್ತಾರವಾಗಿರುತ್ತದೆ. ಒಂದೇ ಎಲೆಯ ದಂಟು ಹೂ ಬಿಡುವುದಿಲ್ಲ. ಎರಡು ಎಲೆಗಳಾಗಿ ಕವಲೊಡೆದ ದಂಟಿನಲ್ಲಿ ಮಾತ್ರ, ಆ ಕವಲಿನ ಸಂದಿಯಲ್ಲಿ, ಒಂದೇ ಒಂದು ಬಿಳಿ ಹೂ ತಲೆ ತಗ್ಗಿಸಿ ಅರಳುತ್ತದೆ. ಈ ಹೂವಿನಲ್ಲಿ ಮಕರಂದವಿಲ್ಲ. ದುಂಬಿಗಳು ಬಂದರೆ ಕಾಯಿ, ಬಾರದಿದ್ದರೆ ಬಹುತೇಕ ಇಲ್ಲ.

ಕಾಯಿ ಹಣ್ಣಾದಾಗ ಸಣ್ಣ ನಿಂಬೆಹಣ್ಣಿನಂತೆ ಹಳದಿಯಾಗುತ್ತದೆ. ಗಿಡದ ಉಳಿದೆಲ್ಲ ಭಾಗಗಳೂ ವಿಷ: ಎಲೆ, ಗೆಡ್ಡೆ, ಹಸಿರು ಕಾಯಿ, ಬೀಜ ಎಲ್ಲವೂ. ಪೂರ್ತಿ ಮಾಗಿದ ಹಣ್ಣಿನ ತಿರುಳನ್ನು ಮಾತ್ರ ಬೀಜ ತೆಗೆದು ಮಿತವಾಗಿ ತಿನ್ನುವುದುಂಟು. ಅದರಿಂದ ಜಾಮ್ ಮಾಡುವ ರೂಢಿಯೂ ಅಮೆರಿಕದ ಹಳ್ಳಿಗಳಲ್ಲಿ ಇದೆ. ಮನುಷ್ಯನಿಗಿಂತ ಮೊದಲು ಈ ಹಣ್ಣನ್ನು ಹುಡುಕಿ ಬರುವುದು ಕಾಡಿನ ಒಂದು ಜಾತಿಯ ಆಮೆ. ಹಣ್ಣಿನೊಡನೆ ನುಂಗಿದ ಬೀಜವನ್ನು ಅದು ದೂರ ಒಯ್ದು ಬಿತ್ತುತ್ತದೆ.

ತೋಟದಲ್ಲಿ ಬೆಳೆಸಬೇಕೆನ್ನುವವರು ಕಾಡಿನ ಕ್ರಮವನ್ನೇ ಅನುಸರಿಸಬೇಕು. ಬೀಜದಿಂದ ಎದ್ದ ಸಸಿ ಹೂ ಬಿಡಲು ಹಲವು ವರ್ಷಗಳೇ ಬೇಕು. ಆದ್ದರಿಂದ ಮೊಗ್ಗಿರುವ ಗೆಡ್ಡೆಯ ತುಂಡುಗಳನ್ನು ಚಳಿಗಾಲಕ್ಕೆ ಮೊದಲು ಆಳವಿಲ್ಲದೆ ಅಡ್ಡಲಾಗಿ ನೆಡುವುದು ವಾಡಿಕೆ. ಎಲೆಗೊಬ್ಬರ ತುಂಬಿದ ಸಡಿಲ ಮಣ್ಣು, ತೇವ ಇದ್ದೂ ನೀರು ನಿಲ್ಲದ ಜಾಗ, ಎಲೆ ಉದುರುವ ಮರಗಳ ನೆರಳು, ಮೇಲೊಂದು ತರಗೆಲೆಯ ಹೊದಿಕೆ ಇಷ್ಟಿದ್ದರೆ ಗಿಡ ತಾನಾಗಿಯೇ ಹರಡಿಕೊಳ್ಳುತ್ತದೆ. ನೆರಳಿಲ್ಲದೆ ಬಿಸಿಲಿಗೆ ಬಿಟ್ಟರೆ ಬೇಗನೆ ಬಾಡಿ ನೆಲ ಸೇರುತ್ತದೆ. ಚಳಿಗಾಲದ ತಣ್ಣನೆಯ ನಿದ್ರೆಯೂ ಇದಕ್ಕೆ ಅಗತ್ಯ. ಹೀಗಾಗಿ ನಮ್ಮ ಬಯಲುಸೀಮೆಯಲ್ಲಾಗಲಿ ಕರಾವಳಿಯಲ್ಲಾಗಲಿ ಇದು ಬೆಳೆಯುವ ಗಿಡವಲ್ಲ.

ಪಾದರಸಕ್ಕೆ ಬದಲು

ಅಮೆರಿಕದ ಮೂಲನಿವಾಸಿಗಳು ಈ ಗೆಡ್ಡೆಯ ಶಕ್ತಿಯನ್ನೂ ಅಪಾಯವನ್ನೂ ಬಹಳ ಹಿಂದೆಯೇ ಅರಿತಿದ್ದರು. ಚೆರೋಕಿ ಜನ ಇದನ್ನು ಭೇದಿಗೂ ಹೊಟ್ಟೆಯ ಹುಳುಗಳನ್ನು ಹೊರಹಾಕಲೂ ಬಳಸುತ್ತಿದ್ದರು. ಬಿತ್ತನೆಯ ಜೋಳವನ್ನು ಹುಳುಗಳಿಂದ ಕಾಯುವುದಕ್ಕೂ ಇದರ ರಸ ಬಳಕೆಯಲ್ಲಿತ್ತು. ವಲಸೆ ಬಂದ ಯುರೋಪಿಯನ್ನರು ಈ ತಿಳಿವಳಿಕೆಯನ್ನು ಅವರಿಂದ ಪಡೆದರು. ಹದಿನೆಂಟನೆಯ ಶತಮಾನದ ಮೊದಲರ್ಧದಲ್ಲಿ ಕೆರೊಲಿನಾದ ಸಸ್ಯ-ಪ್ರಾಣಿಗಳ ಬಗ್ಗೆ ಗ್ರಂಥ ರಚಿಸಿದ ಇಂಗ್ಲಿಷ್ ನಿಸರ್ಗತಜ್ಞ ಮಾರ್ಕ್ ಕೇಟ್ಸ್‌ಬಿ, ಈ ಬೇರು ಒಳ್ಳೆಯ ವಾಂತಿಕಾರಕವೆಂದು ದಾಖಲಿಸಿದ್ದಾನೆ. 1820ರಲ್ಲಿ ಅಮೆರಿಕದ ಮೊದಲ ಅಧಿಕೃತ ಔಷಧಕೋಶ ಪ್ರಕಟವಾದಾಗ ಅದರಲ್ಲಿ ಮೇ ಆಪಲ್ ಬೇರಿಗೂ ಸ್ಥಾನ ದೊರೆಯಿತು.

ಆ ಕಾಲದ ವೈದ್ಯ ಪದ್ಧತಿಯನ್ನು ನೆನೆದರೆ ಮುಂದಿನ ಬೆಳವಣಿಗೆ ಅರ್ಥವಾಗುತ್ತದೆ. ಜ್ವರವಾಗಲಿ ಅಜೀರ್ಣವಾಗಲಿ, ದೇಹದ ಕಲ್ಮಶವನ್ನು ಹೊರಹಾಕಬೇಕೆಂದು ವೈದ್ಯರು ಕ್ಯಾಲೊಮೆಲ್ ಎಂಬ ಪಾದರಸದ ಲವಣವನ್ನು ಧಾರಾಳವಾಗಿ ಕೊಡುತ್ತಿದ್ದರು. ರೋಗಿಗಳ ಬಾಯಲ್ಲಿ ಜೊಲ್ಲು ಸುರಿದು, ವಸಡು ಹುಣ್ಣಾಗಿ, ಹಲ್ಲುಗಳು ಉದುರುತ್ತಿದ್ದವು. ಇದನ್ನು ವಿರೋಧಿಸಿದ ವೈದ್ಯರ ಗುಂಪುಗಳಲ್ಲಿ ಎಕ್ಲೆಕ್ಟಿಕ್ ಪಂಥವೂ ಒಂದು. ಗಿಡಮೂಲಿಕೆಗಳಲ್ಲೇ ಪರಿಹಾರ ಹುಡುಕುತ್ತಿದ್ದ ಈ ಪಂಥದ ಜಾನ್ ಕಿಂಗ್ 1835ರಲ್ಲಿ ಮೇ ಆಪಲ್ ಬೇರಿನಿಂದ ಒಂದು ರಾಳವನ್ನು ಬೇರ್ಪಡಿಸಿದ. ಬೇರಿನ ಪುಡಿಯನ್ನು ಮದ್ಯಸಾರದಲ್ಲಿ ನೆನೆಸಿ, ಆ ಕಷಾಯವನ್ನು ನೀರಿಗೆ ಸುರಿದರೆ ರಾಳ ತಳಕ್ಕೆ ಇಳಿಯುತ್ತದೆ. ಮೊದಲ ಪ್ರಯೋಗದಲ್ಲೇ ರೋಗಿಯ ಸ್ಥಿತಿ ಗಂಭೀರವಾಗಿ ಅವನು ಬೆಚ್ಚಿಬಿದ್ದನಂತೆ. ಆದರೂ ಪ್ರಮಾಣ ತಗ್ಗಿಸಿ ಬಳಸುವುದನ್ನು ಕಲಿತರು. ಸಿನ್ಸಿನಾಟಿಯ ಔಷಧ ತಯಾರಕ ವಿಲಿಯಂ ಮೆರೆಲ್ 1850ರ ಹೊತ್ತಿಗೆ ಇದನ್ನು ಮಾರಾಟಕ್ಕೆ ತಂದ. ಪೊಡೊಫಿಲಿನ್ ಎಂಬ ಈ ರಾಳಕ್ಕೆ ‘ಸಸ್ಯಜನ್ಯ ಕ್ಯಾಲೊಮೆಲ್’ ಎಂಬ ಅಡ್ಡಹೆಸರೇ ಬಿತ್ತು. ಯಕೃತ್ತಿನ ಗುಳಿಗೆ ಎಂದು ಜಾಹೀರಾತು ಮಾಡಿ ಮಾರುತ್ತಿದ್ದ ಹಲವು ಮಾತ್ರೆಗಳಲ್ಲಿ ಇದು ಸೇರಿಕೊಂಡಿತು.

ಪಾದರಸಕ್ಕೆ ಬದಲಾಗಿ ಬಂದ ಮದ್ದೂ ಸೌಮ್ಯವಾಗಿರಲಿಲ್ಲ. ಅದಕ್ಕಿಂತ ಹಿತವಾದ ಭೇದಿ ಔಷಧಗಳು ದೊರೆತ ಮೇಲೆ ಪೊಡೊಫಿಲಿನ್ ಹಿಂದೆ ಸರಿಯಿತು. 1942ರಲ್ಲಿ ಅಮೆರಿಕದ ಔಷಧಕೋಶ ಅದನ್ನು ತನ್ನ ಪಟ್ಟಿಯಿಂದ ಕೈಬಿಟ್ಟಿತು.

ಕೈಬಿಟ್ಟ ವರ್ಷವೇ ಮರುಹುಟ್ಟು

ಕಾಕತಾಳೀಯವೆಂಬಂತೆ ಅದೇ 1942ರಲ್ಲಿ ನ್ಯೂ ಆರ್ಲಿಯನ್ಸ್‌ನ ವೈದ್ಯಕೀಯ ಪತ್ರಿಕೆಯೊಂದರಲ್ಲಿ ಕಪ್ಲಾನ್ ಎಂಬ ವೈದ್ಯರ ಪುಟ್ಟ ವರದಿ ಪ್ರಕಟವಾಯಿತು. ಜನನಾಂಗದ ಮೇಲೆ ಏಳುವ ನರಹುಲಿಗಳಿಗೆ ಪೊಡೊಫಿಲಿನ್ ಲೇಪಿಸಿದರೆ ಅವು ಉದುರಿಹೋಗುತ್ತವೆ ಎಂಬುದು ಅದರ ಸಾರ. ವೇಗವಾಗಿ ಬೆಳೆಯುವ ಅಂಗಾಂಶವನ್ನು ಕೊಲ್ಲುವ ಗುಣ ಈ ರಾಳದಲ್ಲಿದೆ ಎಂದಾಯಿತು. ಹಾಗಾದರೆ ಕ್ಯಾನ್ಸರ್ ಗೆಡ್ಡೆಯ ಮೇಲೆ ಏನು ಪರಿಣಾಮ? ಪ್ರಶ್ನೆ ಸಹಜವಾಗಿಯೇ ಎದ್ದಿತು.

ರಾಳದಲ್ಲಿರುವ ಮುಖ್ಯ ವಿಷವಸ್ತುವನ್ನು 1880ರಲ್ಲೇ ಪೊಡ್ವಿಸೊಟ್ಸ್ಕಿ ಎಂಬ ವಿಜ್ಞಾನಿ ಬೇರ್ಪಡಿಸಿ ಪೊಡೊಫಿಲೊಟಾಕ್ಸಿನ್ ಎಂದು ಕರೆದಿದ್ದ. 1946ರಲ್ಲಿ ತಿಳಿದುಬಂದಂತೆ, ಅದು ಕಾಲ್ಚಿಸಿನ್‌ನ ಹಾಗೆ ಜೀವಕೋಶದ ವಿಭಜನೆಯನ್ನೇ ನಡುವಿನಲ್ಲಿ ತಡೆಯುತ್ತದೆ. ನಮ್ಮ ಬೇಲಿಗಳಲ್ಲಿ ಬೆಳೆಯುವ ಅಗ್ನಿಶಿಖೆಯ ಗೆಡ್ಡೆಯಲ್ಲಿರುವ ವಿಷವೂ ಕಾಲ್ಚಿಸಿನ್ ಎಂಬುದನ್ನು ಇಲ್ಲಿ ನೆನೆಯಬಹುದು. ಅಮೆರಿಕದ ರಾಷ್ಟ್ರೀಯ ಕ್ಯಾನ್ಸರ್ ಸಂಸ್ಥೆಯ ಜೊನಾಥನ್ ಹಾರ್ಟ್‌ವೆಲ್ ಮತ್ತು ಸಂಗಡಿಗರು ಈ ವಸ್ತುವಿನ ರಚನೆಯನ್ನು ಬಿಡಿಸಿದರು. ಆದರೆ ರೋಗಿಗಳಿಗೆ ನೇರವಾಗಿ ಕೊಟ್ಟಾಗ ಗುಣಕ್ಕಿಂತ ಹಾನಿಯೇ ಹೆಚ್ಚಾಯಿತು.

ದಾರಿ ತೆರೆದದ್ದು ಸ್ವಿಟ್ಜರ್ಲೆಂಡಿನ ಬಾಸೆಲ್‌ನಲ್ಲಿ. ಅಲ್ಲಿನ ಸ್ಯಾಂಡೋಜ್ ಕಂಪನಿಯ ರಸಾಯನ ವಿಜ್ಞಾನಿಗಳು 1950ರ ದಶಕದಲ್ಲಿ, ಮೂಲವಿಷಕ್ಕೆ ಸಕ್ಕರೆಯ ಅಣು ಸೇರಿದ ರೂಪಗಳನ್ನು ಹುಡುಕುತ್ತಿದ್ದರು. ಇದಕ್ಕೆ ಅವರು ಆಯ್ದುಕೊಂಡ ಕಚ್ಚಾವಸ್ತುಗಳಲ್ಲಿ ಭಾರತದ ಹಿಮಾಲಯದಲ್ಲಿ ಬೆಳೆಯುವ ಮೇ ಆಪಲ್ ಮುಖ್ಯವಾದದ್ದು. ಅವರ ಒಂದು ಕಚ್ಚಾ ಮಿಶ್ರಣ ಅದರಲ್ಲಿದ್ದ ಶುದ್ಧ ವಸ್ತುಗಳಿಗಿಂತ ಬೇರೆಯೇ ರೀತಿಯಲ್ಲಿ ವರ್ತಿಸುತ್ತಿರುವುದನ್ನು ಹಾರ್ಟ್‌ಮನ್ ಸ್ಟೇಹೆಲಿನ್ ಗಮನಿಸಿದ. ಅತ್ಯಲ್ಪ ಪ್ರಮಾಣದಲ್ಲಿ ಅಡಗಿದ್ದ ಒಂದು ವಸ್ತು ಅದಕ್ಕೆ ಕಾರಣವಾಗಿತ್ತು. ಅದರ ಜಾಡು ಹಿಡಿದು ಹೊರಟ ರಸಾಯನಜ್ಞರು 1960ರ ದಶಕದಲ್ಲಿ ಎಟೊಪೊಸೈಡ್ ಮತ್ತು ಟೆನಿಪೊಸೈಡ್ ಎಂಬ ಎರಡು ಔಷಧಿಗಳನ್ನು ರೂಪಿಸಿದರು.

ಇವು ಕೆಲಸ ಮಾಡುವ ಬಗೆ ಮೂಲವಿಷಕ್ಕಿಂತ ಪೂರ್ತಿ ಭಿನ್ನ. ಜೀವಕೋಶದೊಳಗಿನ ಡಿಎನ್‌ಎ ಉದ್ದನೆಯ ನೂಲಿನಂತೆ ಸುತ್ತಿಕೊಂಡಿರುತ್ತದೆ. ಅದರ ಸಿಕ್ಕು ಬಿಡಿಸಲು ಒಂದು ಕಿಣ್ವ ನೂಲನ್ನು ಕತ್ತರಿಸಿ, ಎಳೆ ದಾಟಿಸಿ, ಮತ್ತೆ ಬೆಸೆಯುತ್ತದೆ. ಎಟೊಪೊಸೈಡ್ ಬಂದು ಕುಳಿತರೆ ಕತ್ತರಿಸುವ ಕೆಲಸ ನಡೆಯುತ್ತದೆ, ಬೆಸೆಯುವ ಕೆಲಸ ನಿಲ್ಲುತ್ತದೆ. ತುಂಡಾದ ನೂಲಿನೊಡನೆ ಕ್ಯಾನ್ಸರ್ ಕೋಶ ಸಾಯುತ್ತದೆ. 1983ರಲ್ಲಿ ಅಮೆರಿಕದಲ್ಲಿ ಎಟೊಪೊಸೈಡ್ ಬಳಕೆಗೆ ಅನುಮತಿ ಸಿಕ್ಕಿತು. ವೃಷಣದ ಕ್ಯಾನ್ಸರ್, ಶ್ವಾಸಕೋಶದ ಒಂದು ಬಗೆಯ ಕ್ಯಾನ್ಸರ್, ದುಗ್ಧಗ್ರಂಥಿಗಳ ಕ್ಯಾನ್ಸರ್‌ಗಳ ಚಿಕಿತ್ಸೆಯಲ್ಲಿ ಇದನ್ನು ಇತರ ಔಷಧಿಗಳ ಜೊತೆ ಕೊಡುತ್ತಾರೆ. ವಿಶ್ವ ಆರೋಗ್ಯ ಸಂಸ್ಥೆಯ ಅಗತ್ಯ ಔಷಧಿಗಳ ಪಟ್ಟಿಯಲ್ಲಿಯೂ ಇದರ ಹೆಸರಿದೆ.

ಹಿಮಾಲಯ ತೆತ್ತ ಬೆಲೆ

ಹಿಮಾಲಯದ ಮೇ ಆಪಲ್ ಅಮೆರಿಕದ ಗಿಡಕ್ಕೆ ಹತ್ತಿರದ ಬಂಧು. ಕಾಶ್ಮೀರದಿಂದ ಸಿಕ್ಕಿಂವರೆಗೆ, ಸುಮಾರು ಎರಡರಿಂದ ನಾಲ್ಕು ಸಾವಿರ ಮೀಟರ್ ಎತ್ತರದಲ್ಲಿ, ಕಾಡಿನ ನೆರಳಲ್ಲೂ ಎತ್ತರದ ಹುಲ್ಲುಗಾವಲುಗಳಲ್ಲೂ ಇದು ಬೆಳೆಯುತ್ತದೆ. ಹಣ್ಣು ಹಳದಿಯಲ್ಲ, ಕೆಂಪು. ಪಹಾಡಿ ಜನ ಇದನ್ನು ಬನಕಕಡಿ, ಎಂದರೆ ಕಾಡುಸೌತೆ, ಎಂದು ಕರೆಯುತ್ತಾರೆ. ಸಹಾರನ್‌ಪುರದ ಸಸ್ಯೋದ್ಯಾನದ ಮುಖ್ಯಸ್ಥನಾಗಿದ್ದ ಜಾನ್ ಫೋರ್ಬ್ಸ್ ರಾಯ್ಲ್ ಇದಕ್ಕೆ ಪೊಡೊಫಿಲಂ ಹೆಕ್ಸಾಂಡ್ರಂ ಎಂದು ಹೆಸರಿಟ್ಟಿದ್ದ. ಅಮೆರಿಕದ ಬೇರಿಗಿಂತ ಇದರಲ್ಲಿ ಪೊಡೊಫಿಲೊಟಾಕ್ಸಿನ್ ಹಲವು ಪಟ್ಟು ಹೆಚ್ಚು. ಆ ಹೆಚ್ಚುಗಾರಿಕೆಯೇ ಗಿಡಕ್ಕೆ ಮುಳುವಾಯಿತು.

ಬೇಕಾದದ್ದು ಗೆಡ್ಡೆ, ಗೆಡ್ಡೆ ಕಿತ್ತರೆ ಗಿಡವೇ ಇಲ್ಲ. ಹಿಮ ಕರಗಿದ ನಂತರದ ಕೆಲವೇ ತಿಂಗಳು ಬೆಳೆಯುವ, ಬೀಜ ಮೊಳೆಯುವುದಕ್ಕೇ ಬಹಳ ಕಾಲ ಹಿಡಿಯುವ ಗಿಡಕ್ಕೆ ಆ ನಷ್ಟವನ್ನು ತುಂಬಿಕೊಳ್ಳುವ ವೇಗವಿಲ್ಲ. ಬೆಟ್ಟದ ಬಡ ಕುಟುಂಬಗಳಿಗೆ ಗೆಡ್ಡೆ ಅಗೆಯುವುದು ಬೇಸಗೆಯ ಸಂಪಾದನೆ. ಆದರೆ ಬೆಲೆಯ ದೊಡ್ಡ ಪಾಲು ಸೇರುತ್ತಿದ್ದುದು ಮಧ್ಯವರ್ತಿಗಳ ಕೈಗೆ. 1990ರಲ್ಲಿ ಈ ಗಿಡವನ್ನು ಅಳಿವಿನಂಚಿನ ಜೀವಿಗಳ ಅಂತರರಾಷ್ಟ್ರೀಯ ವ್ಯಾಪಾರವನ್ನು ನಿಯಂತ್ರಿಸುವ ‘ಸೈಟಿಸ್’ ಒಪ್ಪಂದದ ಎರಡನೆಯ ಅನುಬಂಧಕ್ಕೆ ಸೇರಿಸಲಾಯಿತು. ಕಾಡಿನಿಂದ ಕಿತ್ತ ಗೆಡ್ಡೆಯ ರಫ್ತನ್ನು ಭಾರತ ಸರ್ಕಾರವೂ ನಿಷೇಧಿಸಿತು.

ಕ್ಯಾನ್ಸರ್ ಔಷಧಿ ನೀಡುವ ಇನ್ನೊಂದು ಗಿಡ ನಮ್ಮ ಅಂಗಳದ ನಿತ್ಯಪುಷ್ಪ. ಅದನ್ನು ಬಿಸಿಲಿನ ಹೊಲದಲ್ಲಿ ಬಿತ್ತಿ ವರ್ಷದೊಳಗೆ ಕೊಯ್ಲು ಮಾಡಬಹುದು. ಮೇ ಆಪಲ್ ಹಾಗಲ್ಲ. ನೆರಳಲ್ಲಿ ನೆಟ್ಟು ವರ್ಷಗಟ್ಟಲೆ ಕಾಯುವ ರೈತನಿಗೆ ಅಷ್ಟೂ ಕಾಲ ಆದಾಯವಿಲ್ಲ. ಕಾಡಿನಿಂದ ಕದ್ದು ತಂದ ಗೆಡ್ಡೆಯ ಬೆಲೆಯೊಡನೆ ಅವನು ಪೈಪೋಟಿ ಮಾಡಲಾರ. ಈ ಗಿಡದ ಕೃಷಿ ಹಿಂದುಳಿದಿರುವುದರ ಗುಟ್ಟು ಇಲ್ಲಿದೆ.

ಇದಕ್ಕೆ ಎರಡು ಪರಿಹಾರಗಳು ಕಂಡುಬಂದಿವೆ. ಅಮೆರಿಕದ ಗಿಡದ ಎಲೆಯಲ್ಲಿಯೂ ಪೊಡೊಫಿಲೊಟಾಕ್ಸಿನ್ ಸಕ್ಕರೆಯೊಡನೆ ಬೆಸೆದುಕೊಂಡು ಕುಳಿತಿದೆ ಎಂಬುದನ್ನು ಮಿಸಿಸಿಪ್ಪಿಯ ಸಂಶೋಧಕರು ತೋರಿಸಿದರು. ಎಲೆಯನ್ನು ನೀರಿನಲ್ಲಿ ಅರೆದರೆ ಅದರದೇ ಕಿಣ್ವ ಆ ಬೆಸುಗೆಯನ್ನು ಬಿಡಿಸುತ್ತದೆ. ಎಲೆ ಕೊಯ್ದರೆ ಗಿಡ ಉಳಿಯುತ್ತದೆ; ಆದರೆ ತೀರ ಬೇಗ ಕೊಯ್ದರೆ ಗೆಡ್ಡೆ ಸೊರಗುತ್ತದೆ ಎಂಬ ಎಚ್ಚರ ಬೇಕು. ಇನ್ನೊಂದು ಪ್ರಯತ್ನ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದ್ದು. 2015ರಲ್ಲಿ ಎಲಿಜಬೆತ್ ಸ್ಯಾಟ್ಲಿ ಮತ್ತು ವಾರೆನ್ ಲಾ ಹಿಮಾಲಯದ ಮೇ ಆಪಲ್ ತನ್ನ ವಿಷವನ್ನು ಕಟ್ಟುವ ಹಂತಗಳನ್ನು ಗುರುತಿಸಿ, ಆ ಜೀನುಗಳನ್ನು ತಂಬಾಕಿನ ಬಂಧುವಾದ ಇನ್ನೊಂದು ಗಿಡಕ್ಕೆ ಸೇರಿಸಿದರು. ಆ ಗಿಡದ ಎಲೆ ಎಟೊಪೊಸೈಡ್‌ಗೆ ಬೇಕಾದ ಮೂಲವಸ್ತುವನ್ನು ತಯಾರಿಸಿತು.

ಪ್ರಯೋಗಾಲಯದ ಈ ದಾರಿ ಕಾರ್ಖಾನೆಯ ಹೆದ್ದಾರಿಯಾಗುವವರೆಗೆ ಔಷಧಿಯ ಬೇರು ಮಣ್ಣಿನಲ್ಲೇ ಇರುತ್ತದೆ. ಆ ವರೆಗೆ ಬನಕಕಡಿಯನ್ನು ಉಳಿಸುವ ಕೆಲಸ ನಿಷೇಧದ ಕಾಗದಕ್ಕೆ ಮುಗಿಯುವಂಥದಲ್ಲ. ಬೆಟ್ಟದ ರೈತ ಅದನ್ನು ನೆಟ್ಟು ಕಾಯುವಷ್ಟು ಬೆಲೆಯೂ ಭರವಸೆಯೂ ಅವನಿಗೆ ಸಿಗಬೇಕು. ರೋಗಿಯ ಅವಸರ ದೊಡ್ಡದು, ನಿಜ. ಗಿಡ ಮಾತ್ರ ವರ್ಷಕ್ಕೊಮ್ಮೆ, ಹಿಮ ಕರಗಿದ ಮೇಲೆಯೇ, ತಲೆ ಎತ್ತುತ್ತದೆ.