ಅಶ್ವಥ್, ಕೆ.ಎಸ್.

ಕೆ.ಎಸ್. ಅಶ್ವಥ್ (1925–2010) ಕನ್ನಡ ರಂಗಭೂಮಿ ಹಾಗೂ ಚಲನಚಿತ್ರಗಳ ಪೋಷಕ ನಟರಲ್ಲಿ ಅಗ್ರಗಣ್ಯರು. ಮೈಸೂರಿನಲ್ಲಿ ಜನಿಸಿದ ಇವರ ಪೂರ್ಣ ಹೆಸರು ಕರಗನಹಳ್ಳಿ ಸುಬ್ಬರಾಯ ಅಶ್ವತ್ಥನಾರಾಯಣ. ಹವ್ಯಾಸಿ ರಂಗಭೂಮಿ ಮತ್ತು ಮೈಸೂರು ಆಕಾಶವಾಣಿಯ ನಾಟಕಗಳಲ್ಲಿ ಪಳಗಿ, 1955ರ 'ಸ್ತ್ರೀರತ್ನ' ಚಿತ್ರದ ಮೂಲಕ ಬೆಳ್ಳಿತೆರೆಗೆ ಬಂದ ಇವರು ಪೌರಾಣಿಕ ಚಿತ್ರಗಳಲ್ಲಿ ನಾರದನಾಗಿಯೂ ಸಾಮಾಜಿಕ ಚಿತ್ರಗಳಲ್ಲಿ ತಂದೆ, ಅಣ್ಣ, ನಂಬಿಗಸ್ಥ ಸೇವಕನಾಗಿಯೂ ಹೆಸರಾದರು. ಪಂಢರಿಬಾಯಿ ಅವರೊಡನೆ ಅನೇಕ ಚಿತ್ರಗಳಲ್ಲಿ ದಂಪತಿಯಾಗಿ ನಟಿಸಿದರು. ಪುಟ್ಟಣ್ಣ ಕಣಗಾಲ್ ನಿರ್ದೇಶನದಲ್ಲಿ, ತ.ರಾ.ಸು. ಅವರ ಕಾದಂಬರಿಗಳನ್ನು ಆಧರಿಸಿ 1972ರಲ್ಲಿ ತೆರೆಕಂಡ 'ನಾಗರಹಾವು' ಚಿತ್ರದ ಚಾಮಯ್ಯ ಮೇಷ್ಟ್ರ ಪಾತ್ರ ಇವರ ಶ್ರೇಷ್ಠ ಸಾಧನೆ. ಮುಂಗೋಪಿ ಶಿಷ್ಯ ರಾಮಾಚಾರಿಯನ್ನು ಪ್ರೀತಿಯಿಂದಲೇ ಬಗ್ಗಿಸಬಲ್ಲ, ಆದರೆ ಸಂಪ್ರದಾಯವನ್ನು ಮೀರಲಾಗದೆ ಅವನ ದುರಂತಕ್ಕೆ ತಾನೇ ಕಾರಣನಾಗುವ ಗುರುವಿನ ಇಬ್ಬಂದಿಯನ್ನು ಇವರು ಅಬ್ಬರವಿಲ್ಲದ ಮಾತು ಮತ್ತು ಸಂಯಮದ ಮುಖಭಾವಗಳಿಂದ ಕಟ್ಟಿಕೊಟ್ಟರು. ಈ ಪಾತ್ರಕ್ಕೆ ಅತ್ಯುತ್ತಮ ಪೋಷಕ ನಟ ರಾಜ್ಯ ಪ್ರಶಸ್ತಿ ದೊರೆಯಿತು. 'ಗೆಜ್ಜೆಪೂಜೆ', 'ಕಸ್ತೂರಿ ನಿವಾಸ', 'ಮುತ್ತಿನ ಹಾರ' ಇತರ ಮುಖ್ಯ ಚಿತ್ರಗಳು. ಚಿತ್ರರಂಗದ ಕೇಂದ್ರ ಮದರಾಸು, ಬೆಂಗಳೂರುಗಳಲ್ಲಿದ್ದರೂ ಮೈಸೂರಿನಲ್ಲಿಯೇ ನೆಲೆಸಿದ್ದ ಇವರು 350ಕ್ಕೂ ಹೆಚ್ಚು ಚಿತ್ರಗಳಲ್ಲಿ ಅಭಿನಯಿಸಿ, 2010ರ ಜನವರಿ 18ರಂದು ಅಲ್ಲಿಯೇ ನಿಧನರಾದರು. ಇವರ ಮಗ ಶಂಕರ್ ಅಶ್ವಥ್ ಸಹ ನಟರು.