ನಮ್ಮೂರ ಇತಿಹಾಸ ಸರಣಿ: ದೀಪಾ ಧನರಾಜ್ ಕ್ಯಾಮೆರಾ ಹಿಡಿದ ಕಡೆ

1/5
ಡಾಕ್ಯುಮೆಂಟರಿ ಅಂದ ತಕ್ಷಣ ಸ್ಕಿಪ್ ಮಾಡ್ಬೇಡಿ. ಇದು ದುಡಿಯೋ ಹೆಣ್ಮಕ್ಕಳ ಕಥೆ. ಪೀಣ್ಯ ಪಕ್ಕದಲ್ಲೇ ಇರೋ ನಮ್ಮ ಟಿ. ದಾಸರಹಳ್ಳಿಗೆ ಇದು ದೂರದ ವಿಷಯ ಅಲ್ಲ.

1980ರಲ್ಲಿ ದೀಪಾ ಧನರಾಜ್, ಆಭಾ ಭಯ್ಯಾ, ಮೀರಾ ರಾವ್ ಮತ್ತು ಛಾಯಾಗ್ರಾಹಕ ನವ್ರೋಜ್ ಕಾಂಟ್ರಾಕ್ಟರ್ ಸೇರಿ ಬೆಂಗಳೂರಲ್ಲಿ 'ಯುಗಾಂತರ್' ಅನ್ನೋ ತಂಡ ಕಟ್ಟಿದರು. ಮೊದಲ ಚಿತ್ರ 'ಮೋಲ್ಕರಿನ್' (1981). ಪುಣೆಯ ಮನೆಗೆಲಸದ ಹೆಂಗಸರು ಒಗ್ಗಟ್ಟಾಗಿದ್ದರ ಬಗ್ಗೆ.

2/5
ಮುಂದಿನದು ನಮ್ಮ ರಾಜ್ಯದ್ದೇ. ಬೆಳಗಾವಿ ಜಿಲ್ಲೆಯ ನಿಪ್ಪಾಣಿಯ ತಂಬಾಕು ಕಾರ್ಖಾನೆಗಳಲ್ಲಿ ಸಾವಿರಾರು ಹೆಂಗಸರು ದುಡೀತಿದ್ರು. ತಂಡದವರು ಒಂದು ದಿನ ಬಂದು ಬೈಟ್ ತಗೊಂಡು ಹೋಗಲಿಲ್ಲ. ತಿಂಗಳುಗಟ್ಟಲೆ ಅವರ ಜೊತೆ ಓಡಾಡಿದರು, ಕಾರ್ಖಾನೆ ಒಳಗೇ ಚಿತ್ರೀಕರಿಸಿದರು. ಮರಾಠಿಯ 'ತಂಬಾಕು ಚಾಕಿಲಾ ಊಬ್ ಆಲಿ' (1982) ಹುಟ್ಟಿದ್ದು ಹಾಗೆ. ಅದರಲ್ಲಿ ಬರೀ ಘೋಷಣೆ ಇಲ್ಲ. ಸಂಘ ಹೇಗೆ ಕಟ್ಟೋದು ಅಂತ ಅವರೇ ಕೂತು ಆಡಿದ ಮಾತಿದೆ.

3/5
1991ರಲ್ಲಿ 'ಸಮ್‌ಥಿಂಗ್ ಲೈಕ್ ಎ ವಾರ್'. ನಮಗೆ ಟಾರ್ಗೆಟ್ ಅಂದ್ರೆ ಸೇಲ್ಸ್. ಆಗ ಸರ್ಕಾರದ ಕುಟುಂಬ ಯೋಜನೆಯಲ್ಲಿ ಟಾರ್ಗೆಟ್ ಅಂದ್ರೆ ಇಷ್ಟು ಆಪರೇಷನ್ ಅನ್ನೋ ಲೆಕ್ಕ ಆಗಿತ್ತು. ಆ ಲೆಕ್ಕಕ್ಕೆ ಸಿಕ್ಕಿದ ಹೆಂಗಸರು ತಮ್ಮ ದೇಹದ ಬಗ್ಗೆ ತಾವೇ ಮಾತಾಡೋದನ್ನ ಈ ಚಿತ್ರ ಕೇಳಿಸುತ್ತೆ.

4/5
2016ರ ಜನವರಿಯಲ್ಲಿ ಹೈದರಾಬಾದ್ ಕೇಂದ್ರೀಯ ವಿಶ್ವವಿದ್ಯಾಲಯದ ದಲಿತ ವಿದ್ಯಾರ್ಥಿ ರೋಹಿತ್ ವೇಮುಲ ತೀರಿಕೊಂಡರು. ಆಮೇಲೆ ಎದ್ದ ವಿದ್ಯಾರ್ಥಿ ಚಳವಳಿಯ ಬಗ್ಗೆ ದೀಪಾ ಅವರ ಚಿತ್ರ 'ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ' (2018). ಮನೆಗೆಲಸದವರಿಂದ ಕಾಲೇಜು ಹುಡುಗರವರೆಗೆ ಸುಮಾರು ನಾಲ್ಕು ದಶಕ, ಕೇಳೋ ರೀತಿ ಮಾತ್ರ ಅದೇ: ಅನ್ಯಾಯ ಆದವರೇ ಮಾತಾಡಲಿ.

5/5
ಈಗ ನಮ್ಮ ರಸ್ತೆಗೆ ಬನ್ನಿ. ಪಿಎಫ್‌ನಲ್ಲಿ ಕಂಪನಿ ಹಾಕೋ ಪಾಲನ್ನ 58 ವರ್ಷ ಆಗೋವರೆಗೆ ತೆಗೆಯೋ ಹಾಗಿಲ್ಲ ಅಂತ ಕೇಂದ್ರ ಸರ್ಕಾರ ನಿಯಮ ತಂದಿತ್ತು. 2016ರ ಏಪ್ರಿಲ್‌ನಲ್ಲಿ ಸಾವಿರಾರು ಗಾರ್ಮೆಂಟ್ಸ್ ಕಾರ್ಮಿಕರು ಹೊಸೂರು ರಸ್ತೆಯಲ್ಲೂ ನಮ್ಮ ಜಾಲಹಳ್ಳಿ ಕ್ರಾಸ್‌ನಲ್ಲೂ ಬೀದಿಗಿಳಿದ್ರು, ಹೆಚ್ಚಿನವರು ಹೆಂಗಸರು. ಏಪ್ರಿಲ್ 19ಕ್ಕೆ ಆ ನಿಯಮ ವಾಪಸ್! ನಾವು ಬಿಕಾಂನಲ್ಲಿ 12 ಪರ್ಸೆಂಟ್ ಅಂತ ಬರೆದು ಮಾರ್ಕ್ಸ್ ತಗೊಳ್ಳೋ ಪಿಎಫ್, ಅವರಿಗೆ ಮನೆ ಅಡ್ವಾನ್ಸು, ಮಕ್ಕಳ ಫೀಸು.

ಟಿವಿಗೆ ಕಂಡಿದ್ದು ನಿಂತ ಬಸ್ಸು, ಹೊಗೆ, ಲಾಠಿ. ಮಷೀನು ಬಿಟ್ಟು ಏಳೋಣ ಅಂತ ಮೊದಲು ಹೇಳಿದ್ದು ಯಾರು, ಹೆದರಿದವರಿಗೆ ಧೈರ್ಯ ತುಂಬಿದ್ದು ಯಾರು? ನಿಪ್ಪಾಣಿಯವರ ಆ ಮಾತು ಉಳೀತು, ಯಾಕಂದ್ರೆ ಕೇಳೋರು ಇದ್ರು. ನಿಮ್ಮ ಮನೇಲೋ ವಠಾರದಲ್ಲೋ ಅವತ್ತು ರಸ್ತೇಲಿದ್ದ ಅಕ್ಕ, ಆಂಟಿ ಇದ್ದಾರಾ? ಒಪ್ಪಿಗೆ ಕೇಳಿ, ಪಕ್ಕದಲ್ಲಿ ಕೂತು, ಪೂರ್ತಿ ಮಾತಾಡೋಕೆ ಬಿಟ್ಟು ರೆಕಾರ್ಡ್ ಮಾಡಿ. ರೀಲ್ಸ್‌ಗೆ ಅಂತ ಕಟ್ ಮಾಡ್ಬೇಡಿ.